ಓತಿಕ್ಯಾತದ ಕೊರಳಿನ ವಧು

ಅಬ್ಬಾ, ಆ ಕೊರಳಪಟ್ಟಿ! 1992ರ 'ಬ್ರಾಮ್ ಸ್ಟೋಕರ್ಸ್ ಡ್ರಾಕುಲಾ' ಚಿತ್ರ ನೆನಪಿದೆಯೇ? ಸತ್ತು ಮಣ್ಣಾದ ಲೂಸಿ, ಮದುವೆಗೆಂದು ಹೊಲಿಸಿದ್ದ ಬಿಳಿ ಉಡುಪಿನಲ್ಲೇ, ಎಳೆ ಮಗುವೊಂದನ್ನು ಎತ್ತಿಕೊಂಡು ಗೋರಿಯೊಳಗೆ ಬರುತ್ತಾಳೆ. ಮುಖದ ಸುತ್ತ ಲೇಸಿನ ದೊಡ್ಡ ಚಕ್ರ. ಅದನ್ನು ನಾನು ಹಳೆಯ ಇಂಗ್ಲೆಂಡಿನ ರಾಣಿಯರ ಕಾಲರ್ ಎಂದೇ ತಿಳಿದಿದ್ದೆ. ಅಲ್ಲವಂತೆ! ಆ ಉಡುಪಿನ ಮೂಲ ಒಂದು ಹಲ್ಲಿ! ಹಗೆಯನ್ನು ಹೆದರಿಸಲು ಕೊರಳ ಚರ್ಮವನ್ನು ಕೊಡೆಯಂತೆ ಫಟ್ಟನೆ ಬಿಚ್ಚುವ ಆಸ್ಟ್ರೇಲಿಯಾದ ಹಲ್ಲಿ, ನಮ್ಮ ಬೇಲಿಯ ಓತಿಕ್ಯಾತದ ದೂರದ ದಾಯಾದಿ. ಇದು ತಿಳಿದ ಮೇಲೆ ಆ ದೃಶ್ಯವನ್ನು ಮತ್ತೆ ನೋಡಿದೆ. ಮೈ ಜುಮ್ಮೆಂದಿತು. ಅವಳು ವಧುವಲ್ಲ, ಹೆಡೆಯೆತ್ತಿದ ಪ್ರಾಣಿ!

ಹಲ್ಲಿಯನ್ನು ಮದುವಣಗಿತ್ತಿಯ ಕೊರಳಿಗೆ ತಂದವರು ಐಕೊ ಇಶಿಯೋಕಾ. 1938ರಲ್ಲಿ ಟೋಕಿಯೋದಲ್ಲಿ ಹುಟ್ಟಿದವರು. ಸೋಜಿಗವೆಂದರೆ ಅವರ ಕಸುಬು ಶುರುವಾದದ್ದು ಸೂಜಿದಾರದಿಂದಲ್ಲ, ಜಾಹೀರಾತಿನಿಂದ. 1961ರಲ್ಲಿ ಶಿಸೇಡೋ ಎಂಬ ಸೌಂದರ್ಯವರ್ಧಕ ಕಂಪನಿ ಸೇರಿದರು, ಎಪ್ಪತ್ತರ ದಶಕದಲ್ಲಿ ಪಾರ್ಕೋ ಮಳಿಗೆಗಳಿಗೆ ಪೋಸ್ಟರ್ ಮಾಡಿದರು. ಪಾರ್ಕೋದ ಒಂದು ಜಾಹೀರಾತಿನಲ್ಲಿ ಹಾಲಿವುಡ್ ತಾರೆ ಫೇ ಡನವೇ ಕಪ್ಪು ಬಟ್ಟೆ ತೊಟ್ಟು ಬೇಯಿಸಿದ ಮೊಟ್ಟೆಯನ್ನು ನಿಧಾನವಾಗಿ ಸುಲಿದು ತಿನ್ನುತ್ತಾರೆ. ಅಷ್ಟೇ! ಆದರೆ ಕಣ್ಣು ಕೀಳಲಾಗದು.

'ಅಪೊಕಲಿಪ್ಸ್ ನೌ' ಚಿತ್ರದ ಜಪಾನಿ ಪೋಸ್ಟರನ್ನು ಅವರೇ ಮಾಡಿದ್ದರು. ಅದರ ನಿರ್ದೇಶಕ ಫ್ರಾನ್ಸಿಸ್ ಫೋರ್ಡ್ ಕಪೋಲಾ ಐಕೊರನ್ನು ಮರೆಯಲಿಲ್ಲ. 'ಡ್ರಾಕುಲಾ'ಕ್ಕೆ ಕರೆದು ಅವರಿಗೆ ಕೊಟ್ಟ ಸವಾಲು ನೋಡಿ: ಭಾರೀ ಸೆಟ್‌ಗಳಿಗೆ ಸುರಿಯುವ ಹಣವನ್ನು ಬಟ್ಟೆಗೆ ಹಾಕೋಣ, ಉಡುಪೇ ಸೆಟ್ ಆಗಲಿ! ಐಕೊ ಅದನ್ನು ಅಕ್ಷರಶಃ ಮಾಡಿ ತೋರಿಸಿದರು. ಡ್ರಾಕುಲಾನ ಕೆಂಪು ಕವಚ ಕಬ್ಬಿಣದಂತೆ ಕಾಣುವುದೇ ಇಲ್ಲ, ಚರ್ಮ ಸುಲಿದ ಮೈಯ ಸ್ನಾಯುಗಳಂತೆ ಎಳೆಎಳೆಯಾಗಿ ಕಾಣುತ್ತದೆ. ಮುದಿ ಕೌಂಟ್‌ನ ರಕ್ತಗೆಂಪು ನಿಲುವಂಗಿ ಅವನ ಹಿಂದೆ ನೆಲದುದ್ದಕ್ಕೂ ಹರಿದುಬರುತ್ತದೆ. ಅವನ ಕೊನೆಯ ಗಳಿಗೆಯ ಚಿನ್ನದ ಬಟ್ಟೆಯಲ್ಲಿ ವಿಯೆನ್ನಾದ ಚಿತ್ರಕಾರ ಕ್ಲಿಮ್ಟ್ ಬರೆದ 'ದಿ ಕಿಸ್' ಮಿನುಗುತ್ತದೆ! 1993ರಲ್ಲಿ ಆಸ್ಕರ್ ಐಕೊ ಕೈಸೇರಿತು.

ಜಾಝ್ ಸಂಗೀತಗಾರ ಮೈಲ್ಸ್ ಡೇವಿಸ್‌ರ 'ಟುಟು' ಆಲ್ಬಂ ಹೊದಿಕೆಗೆ ಐಕೊಗೆ ಆಗಲೇ ಗ್ರ್ಯಾಮಿ ಬಂದಿತ್ತು. ಮುಂದೆ ಸರ್ಕಸ್, ಬ್ರಾಡ್‌ವೇ ನಾಟಕ, 2008ರ ಬೀಜಿಂಗ್ ಒಲಿಂಪಿಕ್ಸ್ ಉದ್ಘಾಟನೆಯ ಸಾವಿರಾರು ಕಲಾವಿದರ ವೇಷ, ಎಲ್ಲವೂ ಬಂದವು. ಆದರೆ ನನ್ನ ಮನಸ್ಸು ಮತ್ತೆ ಮತ್ತೆ ಓಡುವುದು ಜಲಂಧರ್‌ನಲ್ಲಿ ಹುಟ್ಟಿದ ನಿರ್ದೇಶಕ ತರ್ಸೇಮ್ ಸಿಂಗ್ ಜೊತೆ ಅವರು ಮಾಡಿದ ನಾಲ್ಕು ಚಿತ್ರಗಳತ್ತ.

'ದಿ ಸೆಲ್' (2000) ನೋಡಿ. ಕೊಲೆಗಾರನೊಬ್ಬ ಸಿಂಹಾಸನದಿಂದ ಏಳುತ್ತಾನೆ. ಕೋಣೆಯ ಗೋಡೆಗಳನ್ನೆಲ್ಲ ಮುಚ್ಚಿದ ನೇರಳೆ ಬಟ್ಟೆಯೂ ಅವನ ಜೊತೆಗೇ ಕಿತ್ತುಕೊಂಡು ಬರುತ್ತದೆ, ಏಕೆಂದರೆ ಅದರ ಇನ್ನೊಂದು ತುದಿ ಅವನ ಬೆನ್ನಿಗೇ ಸಿಕ್ಕಿಸಿದ್ದು! ಕೋಣೆಯೇ ಅವನ ಅಂಗಿ! ಅದೇ ಚಿತ್ರದಲ್ಲಿ ನಟಿ ಜೆನಿಫರ್ ಲೋಪೆಜ್, ಕೊರಳ ಕವಚ ಹಿಂಸೆಯಾಗುತ್ತದೆ, ಸ್ವಲ್ಪ ಸಡಿಲಿಸಿ ಎಂದು ಕೇಳಿದಾಗ ಐಕೊ ಒಪ್ಪಲಿಲ್ಲವಂತೆ: ಈ ಪಾತ್ರ ಹಿಂಸೆ ಅನುಭವಿಸಲೇಬೇಕು! ಇದು ಕ್ರೌರ್ಯವೆನಿಸಬಹುದು. ಆದರೆ ತೆರೆಯ ಮೇಲೆ ಆ ಬಿಗಿದ ಕತ್ತನ್ನು ಕಂಡಾಗ ನಮ್ಮ ಉಸಿರೂ ಕಟ್ಟುತ್ತದೆ.

ಆಮೇಲೆ 'ದಿ ಫಾಲ್' (2006). ಜೋಧಪುರದ ನೀಲಿ ಮನೆಗಳು, ಅಭಾನೇರಿಯ ಚಾಂದ್ ಬಾವಡಿಯ ಸಾಲುಸಾಲು ಮೆಟ್ಟಿಲುಗಳು, ಜೈಪುರದ ಜಂತರ್ ಮಂತರ್! ಅಂಥ ಜಾಗಗಳ ನಡುವೆ ಮನುಷ್ಯ ಇರುವೆಯಾಗಬೇಕಿತ್ತು. ಆದರೆ ಐಕೊ ಹೊಲಿಸಿದ ಬಟ್ಟೆ ತೊಟ್ಟವರು ಆ ಕಲ್ಲುಗಳಿಗೆ ಸರಿಸಾಟಿಯಾಗಿ ನಿಲ್ಲುತ್ತಾರೆ.

2012ರ ಜನವರಿಯಲ್ಲಿ, 73ನೇ ವಯಸ್ಸಿನಲ್ಲಿ, ಐಕೊ ಕ್ಯಾನ್ಸರ್‌ನಿಂದ ತೀರಿಕೊಂಡರು. ಎರಡು ತಿಂಗಳ ನಂತರ ತರ್ಸೇಮ್ ಜೊತೆ ಅವರು ಮಾಡಿದ 'ಮಿರರ್ ಮಿರರ್' ತೆರೆಕಂಡಿತು, ಮರುವರ್ಷ ಅವರ ಹೆಸರು ಮತ್ತೊಮ್ಮೆ ಆಸ್ಕರ್ ಪಟ್ಟಿಯಲ್ಲಿತ್ತು. ಆ ಚಿತ್ರದ ಕೊನೆಯಲ್ಲೂ ಒಬ್ಬ ಮದುವಣಗಿತ್ತಿ ಇದ್ದಾಳೆ. ಹಲ್ಲಿಯಿಲ್ಲ, ಗೋರಿಯಿಲ್ಲ. ನೀಲಿ ಗೌನು, ಅದಕ್ಕೆ ಕಟ್ಟಿದ ದೈತ್ಯ ಕಿತ್ತಳೆ ರಿಬ್ಬನ್ನಿನ ಗಂಟು, ಮತ್ತು ಅದನ್ನು ತೊಟ್ಟ ಸ್ನೋವೈಟ್ ಹಾಡಿಕೊಂಡು ಕುಣಿಯುತ್ತಿದ್ದಾಳೆ!