ಭುಜದ ಮಾಂಸದ ಬೆಲೆ ಏರಿದ್ದು ಹೇಗೆ?

ನಮ್ಮ ಮನೆಯಲ್ಲಿ ಕುರಿಯ ಭುಜದ ಭಾಗಕ್ಕೆ 'ದಸ್ತಿ' ಎನ್ನುತ್ತೇವೆ. ಅಮ್ಮಿ ಅದನ್ನು ಸಣ್ಣ ಉರಿಯಲ್ಲಿ ಬಹಳ ಹೊತ್ತು ಬೇಯಿಸುತ್ತಾರೆ. ಆಗ ಗಟ್ಟಿ ಪೊರೆಯೂ ಕರಗಿ ಮೆತ್ತಗಾಗುತ್ತದೆ.

ಅಮೆರಿಕದವರ ಬೀಫ್ ಸ್ಟೇಕ್ ಹಾಗಲ್ಲ. ದಪ್ಪ ಹೋಳನ್ನು ಕೆಲವೇ ನಿಮಿಷ ಸುಡುತ್ತಾರೆ, ಪೊರೆ ಕರಗುವಷ್ಟು ಸಮಯವಿಲ್ಲ. ಆದ್ದರಿಂದ ಕಡಿಮೆ ದುಡಿಯುವ ಬೆನ್ನಿನ ಮೃದು ಮಾಂಸಕ್ಕೆ ಬೆಲೆ ಹೆಚ್ಚು. ಭುಜದ ಮಾಂಸ ಹೆಚ್ಚಾಗಿ ಖೀಮಾ ಆಗಿ ಅಗ್ಗಕ್ಕೆ ಹೋಗುತ್ತಿತ್ತು.

2000ರ ಆಸುಪಾಸಿನಲ್ಲಿ ನೆಬ್ರಾಸ್ಕಾ ಮತ್ತು ಫ್ಲೋರಿಡಾ ವಿಶ್ವವಿದ್ಯಾಲಯಗಳ ಸಂಶೋಧಕರು ದನದ ಸ್ನಾಯುಗಳನ್ನು ಒಂದೊಂದಾಗಿ ಬಿಡಿಸಿ ಪರೀಕ್ಷಿಸಿದರು. ಭುಜದೆಲುಬಿನ ಮೇಲಿನ ಒಂದು ಸ್ನಾಯು ಬಹಳ ಮೃದುವಾಗಿತ್ತು! ತೊಂದರೆ ಕೊಡುತ್ತಿದ್ದದ್ದು ಅದರ ನಡುವೆ ಹಾದುಹೋಗುವ ದಪ್ಪ ಪೊರೆ ಮಾತ್ರ. ಚೂರಿಯನ್ನು ಅಡ್ಡಲಾಗಿ ಆಡಿಸಿ ಪೊರೆ ತೆಗೆದರೆ ಎರಡು ಚಪ್ಪಟೆ ತುಂಡುಗಳು ಸಿಗುತ್ತವೆ. ಹಳೆಯ ಇಸ್ತ್ರಿ ಪೆಟ್ಟಿಗೆಯನ್ನು ಹೋಲುವುದರಿಂದ ಇದಕ್ಕೆ 'ಫ್ಲಾಟ್ ಐರನ್' ಎಂಬ ಹೆಸರು. ಈಗ ಇದು ಹೋಟೆಲುಗಳ ಮೆನುವಿನಲ್ಲಿದೆ.

ವಾಣಿಜ್ಯ ಪಾಠದಲ್ಲಿ ಇದನ್ನೇ ಮೌಲ್ಯವರ್ಧನೆ ಎನ್ನುತ್ತೇವೆ. ಪೊರೆ ತೆಗೆದಷ್ಟು ತೂಕ ನಷ್ಟ, ಕೂಲಿಯೂ ಹೆಚ್ಚು. ಆದರೂ ಲಾಭ ಬಂದದ್ದು ತಿಳಿವಳಿಕೆಯಿಂದ. ಮಾಂಸ ಮೊದಲಿನದೇ. ಅದನ್ನು 'ಗಟ್ಟಿ' ಎಂದು ಪಕ್ಕಕ್ಕಿಟ್ಟವರು ಒಳಗೆ ಬಿಡಿಸಿ ನೋಡಿರಲಿಲ್ಲ, ಅಷ್ಟೇ.