ದೀಪವಿಲ್ಲದ ಗ್ರಾಮ, ದಾಖಲೆಯಿಲ್ಲದ ಊರು

ಕರ್ನಾಟಕದಲ್ಲಿ ಗ್ರಾಮಗಳೆಷ್ಟು? 2011ರ ಜನಗಣತಿಯ ಪ್ರಕಾರ 29,340. ಆದರೆ ಅದೇ ಪಟ್ಟಿಯಲ್ಲಿ ಇನ್ನೊಂದು ವಿಚಿತ್ರವಾದ ಅಂಕಿಯೂ ಉಂಟು: ಇವುಗಳಲ್ಲಿ 1,943 ಗ್ರಾಮಗಳಲ್ಲಿ ಒಬ್ಬನೇ ಒಬ್ಬ ನಿವಾಸಿಯೂ ಇಲ್ಲ! ಜನರೇ ಇಲ್ಲದ ಮೇಲೆ ಅದು ಗ್ರಾಮ ಹೇಗಾಯಿತು?

ಗ್ರಾಮವೆಂದೊಡನೆ ನಮ್ಮ ಕಣ್ಮುಂದೆ ನಿಲ್ಲುವುದು ಮನೆಗಳ ಗುಂಪು, ಅರಳಿಕಟ್ಟೆ, ಗುಡಿ, ಕೆರೆ. ಕಂದಾಯ ಇಲಾಖೆಗೆ ಕಾಣುವುದು ಬೇರೆ. ಅದರ ಪಾಲಿಗೆ ಗ್ರಾಮವೆಂದರೆ ಅಳತೆಯಾಗಿ ಎಲ್ಲೆಕಟ್ಟು ಗೊತ್ತಾದ ಒಂದು ನೆಲದ ತುಂಡು. ಹತ್ತೊಂಬತ್ತನೆಯ ಶತಮಾನದ ಮೋಜಣಿಯಲ್ಲಿ ಭೂಮಾಪಕರು 33 ಅಡಿ ಉದ್ದದ ಸರಪಳಿಯನ್ನು ಹಿಡಿದು ಹೊಲಹೊಲವನ್ನೂ ಅಳೆದರು. ಆ ಸರಪಳಿಯ ಒಂದು ಚದರವೇ ಗುಂಟೆ. ಅಂಥ 40 ಗುಂಟೆ ಸೇರಿದರೆ ಒಂದು ಎಕರೆ. ಪ್ರತಿಯೊಂದು ಹೊಲಕ್ಕೂ ಸರ್ವೆ ನಂಬರು ಬಿತ್ತು. ನಂಬರುಗಳೆಲ್ಲ ಸೇರಿ ಗ್ರಾಮವಾಯಿತು. ಬರ, ಪ್ಲೇಗು, ನೀರಿನ ಅಭಾವ ಮುಂತಾದ ಕಾರಣಗಳಿಂದ ಜನರು ನೆರೆಯೂರಿಗೆ ಎದ್ದುಹೋದರೂ ಹೊಲಗಳು ಎದ್ದುಹೋಗಲಿಲ್ಲ. ನಂಬರು ಉಳಿಯಿತು, ಕಂದಾಯ ಉಳಿಯಿತು, ಗ್ರಾಮದ ಹೆಸರೂ ಉಳಿಯಿತು. ಇಂಥವನ್ನು 'ಬೇಚರಾಕ್' ಗ್ರಾಮಗಳೆನ್ನುತ್ತಾರೆ. ಪಾರಸಿಯಲ್ಲಿ 'ಚರಾಗ್' ಎಂದರೆ ದೀಪ. ದೀಪ ಹಚ್ಚುವವರಿಲ್ಲದ ಊರೆಂದು ಅರ್ಥ. ಕಚೇರಿಯ ಭಾಷೆಯಲ್ಲಿ ಇಷ್ಟು ಮನಮುಟ್ಟುವ ಪದ ಇನ್ನೊಂದು ದೊರೆಯುವುದು ಕಷ್ಟ.

ಉಳಿದ 27,397 ಗ್ರಾಮಗಳಲ್ಲಿ 2011ರಲ್ಲಿ 3,74,69,335 ಜನರಿದ್ದರು. ಗ್ರಾಮವೊಂದಕ್ಕೆ ಸರಾಸರಿ ಸುಮಾರು 1,368 ಮಂದಿ. ಸರಾಸರಿಯನ್ನು ಅತಿಯಾಗಿ ನಂಬಲಾಗದು. ಕೊಡಗಿನಲ್ಲಿ ಮನೆಗಳು ತೋಟ ಗದ್ದೆಗಳ ನಡುವೆ ಚದರಿಹೋಗಿರುವುದರಿಂದ ಒಂದು ಗ್ರಾಮ ಎಲ್ಲಿ ಮುಗಿದು ಇನ್ನೊಂದು ಎಲ್ಲಿ ಆರಂಭವಾಯಿತೆಂಬುದು ದಾರಿಹೋಕನಿಗೆ ತಿಳಿಯದು. ನಕ್ಷೆಗೆ ಮಾತ್ರ ತಿಳಿದಿರುತ್ತದೆ.

ದೀಪವಿಲ್ಲದ ಗ್ರಾಮದಿಂದ ಯಾರಿಗೂ ಅಷ್ಟಾಗಿ ತೊಂದರೆಯಿಲ್ಲ. ತೊಂದರೆಯಿರುವುದು ಇದರ ವಿಪರ್ಯಾಯದಲ್ಲಿ: ದೀಪವಿದ್ದೂ ದಾಖಲೆಯಿಲ್ಲದ ಊರುಗಳಲ್ಲಿ. ಲಂಬಾಣಿ ತಾಂಡಾ, ಗೊಲ್ಲರ ಹಟ್ಟಿ, ಕಾಡಂಚಿನ ಹಾಡಿ ಮೊದಲಾದವುಗಳಲ್ಲಿ ಅನೇಕವು ಮೂಲ ಗ್ರಾಮದಿಂದ ದೂರದಲ್ಲಿ ಬೆಳೆದವು. ಅಲ್ಲಿ ಮಕ್ಕಳು ಹುಟ್ಟಿದರು, ಮುದುಕರು ತೀರಿಕೊಂಡರು, ಜಾತ್ರೆಗಳಾದವು; ಆದರೆ ನಕ್ಷೆಯಲ್ಲಿ ಅವು ಬೇರೊಂದು ಗ್ರಾಮದ ಯಾವುದೋ ಸರ್ವೆ ನಂಬರಿನೊಳಗೆ ಅಡಗಿಹೋಗಿದ್ದವು. ಗಣತಿದಾರನು ಆ ಜನರನ್ನು ಎಣಿಸಲಿಲ್ಲವೆಂದಲ್ಲ, ಎಣಿಸಿದನು. ಎಣಿಕೆ ಹೋಗಿ ಸೇರಿದ್ದು ಮೂಲ ಗ್ರಾಮದ ಲೆಕ್ಕಕ್ಕೆ.

ಇದು ಬರಿಯ ಹೆಸರಿನ ಪ್ರಶ್ನೆಯಲ್ಲ. ತಾನು ವಾಸಿಸುವ ಮನೆಯ ಅಡಿಯ ನೆಲ ಸರಕಾರದ್ದೋ ಇನ್ನೊಬ್ಬರದೋ ಆಗಿರುವಾಗ ತಾಂಡಾದವನಿಗೆ ಹಕ್ಕುಪತ್ರವಿಲ್ಲ. ಹಕ್ಕುಪತ್ರವಿಲ್ಲದೆ ಮನೆಯ ಮೇಲೆ ಸಾಲವಿಲ್ಲ. ಪಂಚಾಯತಿಯ ವಿಷಯಕ್ಕೆ ಬಂದರೆ, 1993ರ ಕಾಯಿದೆಯು ಪ್ರತಿ 400 ಜನಸಂಖ್ಯೆಗೆ ಅಥವಾ ಅದರ ಭಾಗಕ್ಕೆ ಒಬ್ಬ ಸದಸ್ಯನೆಂದು ಗೊತ್ತುಮಾಡಿತು. ಸ್ಥಾನಗಳು ಜನಗಣತಿಯ ಅಂಕಿಯನ್ನೇ ಅನುಸರಿಸುತ್ತವೆ. ಅಂಕಿ ಯಾವ ಹೆಸರಿನಲ್ಲಿ ಬರೆಯಲ್ಪಟ್ಟಿದೆಯೆಂಬುದು ಮುಖ್ಯವಾಗುವುದು ಇಂಥಲ್ಲಿ.

ಇದನ್ನು ಸರಿಪಡಿಸಲು ಕಾನೂನಿಗೆ ತಿದ್ದುಪಡಿಗಳಾದವು. ಕಲಬುರಗಿ, ಯಾದಗಿರಿ, ರಾಯಚೂರು, ಬೀದರ್, ವಿಜಯಪುರ ಈ ಐದು ಜಿಲ್ಲೆಗಳಲ್ಲಿ ಸುಮಾರು 1,475 ದಾಖಲೆರಹಿತ ಜನವಸತಿಗಳನ್ನು ಕಂದಾಯ ಗ್ರಾಮಗಳೆಂದು ಘೋಷಿಸಲಾಯಿತು. 2023ರ ಜನವರಿ 19ರಂದು ಕಲಬುರಗಿ ಜಿಲ್ಲೆಯ ಮಳಖೇಡದಲ್ಲಿ 50,000ಕ್ಕೂ ಹೆಚ್ಚು ಕುಟುಂಬಗಳಿಗೆ ಹಕ್ಕುಪತ್ರಗಳನ್ನು ಹಂಚುವ ಕಾರ್ಯ ನಡೆಯಿತು. ಘೋಷಣೆ ಒಂದು ಹಾಳೆಯ ಕೆಲಸವೆಂದು ತಿಳಿಯಬಾರದು. ಭೂಮಾಪಕನು ಮತ್ತೆ ನೆಲಕ್ಕಿಳಿಯಬೇಕು. ಮನೆಗಳನ್ನು ಗುರುತಿಸಿ, ಮೂಲ ಗ್ರಾಮದಿಂದ ಎಲ್ಲೆಯನ್ನು ಬೇರ್ಪಡಿಸಿ, ಹೊಸ ನಕ್ಷೆ ಬರೆಯಬೇಕು. ವಿದ್ಯಾರ್ಥಿಗಳು ತಮ್ಮ ಗ್ರಾಮದ ನಕ್ಷೆಯನ್ನು ಒಮ್ಮೆಯಾದರೂ ಬಿಡಿಸಿ ನೋಡಬೇಕು; ಪಠ್ಯಪುಸ್ತಕದ ರೇಖಾಗಣಿತಕ್ಕೆ ಅಲ್ಲಿ ಜೀವ ಬಂದಿರುತ್ತದೆ.

2021ರಲ್ಲಿ ನಡೆಯಬೇಕಾಗಿದ್ದ ಜನಗಣತಿಯು ಮುಂದೆ ಹೋಯಿತು. 2025ರ ಜೂನ್‌ನಲ್ಲಿ ಹೊರಟ ಪ್ರಕಟಣೆಯು 2027ರ ಮಾರ್ಚ್ 1ನ್ನು ಎಣಿಕೆಯ ಗೊತ್ತಾದ ದಿನವೆಂದು ನಿಶ್ಚಯಿಸಿತು. ಆಡಳಿತದ ಎಲ್ಲೆಗಳನ್ನು ಬದಲಿಸಲು 2025ರ ಡಿಸೆಂಬರ್ 31 ಕಡೆಯ ದಿನವೆಂದಾಯಿತು. ಅದರೊಳಗೆ ಗ್ರಾಮವೆಂದು ದಾಖಲಾದ ತಾಂಡಾಕ್ಕೆ ಈ ಗಣತಿಯ ಪಟ್ಟಿಯಲ್ಲಿ ತನ್ನದೇ ಆದ ಸಾಲು. ಆಗದೆ ಉಳಿದ ತಾಂಡಾದ ಜನ ಮತ್ತೆ ಮೂಲ ಗ್ರಾಮದ ಲೆಕ್ಕಕ್ಕೆ.