ಒಂದರ ಬೆಲೆ

ಅಂಗಡಿಯಲ್ಲಿ ಕೊಳ್ಳುವವನ ಕಣ್ಣಿಗೆ ಮೊದಲು ಬೀಳುವುದು ಪೊಟ್ಟಣದ ಬೆಲೆ. ಆದರೆ ಅವನು ತಿಳಿಯಬೇಕಾದುದು ಪದಾರ್ಥದ ದರ. ಬೆಲೆಯಿಂದ ದರವನ್ನು ಕಂಡುಹಿಡಿಯುವ ಸಾಧನವೇ ಭಾಗಾಕಾರ.

ತೊಗರಿಬೇಳೆಯ 500 ಗ್ರಾಂ ಪೊಟ್ಟಣಕ್ಕೆ 62 ರೂಪಾಯಿ, ಅದೇ ಬೇಳೆಯ 750 ಗ್ರಾಂ ಪೊಟ್ಟಣಕ್ಕೆ 96 ರೂಪಾಯಿ ಇದೆಯೆಂದು ಭಾವಿಸಬಹುದು. ದೊಡ್ಡ ಪೊಟ್ಟಣವೇ ಅಗ್ಗವೆಂಬುದು ಸಾಮಾನ್ಯ ನಂಬಿಕೆ. ಆದರೆ 62ನ್ನು 500ರಿಂದ ಭಾಗಿಸಿದರೆ ಒಂದು ಗ್ರಾಮಿಗೆ 0.124 ರೂಪಾಯಿ, ಅಂದರೆ 12.4 ಪೈಸೆ ಬರುತ್ತದೆ. 96ನ್ನು 750ರಿಂದ ಭಾಗಿಸಿದರೆ 12.8 ಪೈಸೆ ಬರುತ್ತದೆ. ಕಿಲೋಗ್ರಾಮಿನ ಲೆಕ್ಕದಲ್ಲಿ ಚಿಕ್ಕ ಪೊಟ್ಟಣದ ದರ 124 ರೂಪಾಯಿ, ದೊಡ್ಡದರ ದರ 128 ರೂಪಾಯಿ. ಹೀಗೆ ನಂಬಿಕೆ ಸುಳ್ಳಾಗುತ್ತದೆ.

ಇಲ್ಲಿ ಯಾವುದರಿಂದ ಯಾವುದನ್ನು ಭಾಗಿಸಬೇಕೆಂಬ ಎಚ್ಚರ ಅಗತ್ಯ. ಬೆಲೆಯನ್ನು ತೂಕದಿಂದ ಭಾಗಿಸಿದರೆ ಒಂದು ಗ್ರಾಮಿನ ಬೆಲೆ ದೊರೆಯುತ್ತದೆ. ಅದು ಕಡಿಮೆಯಿದ್ದಷ್ಟೂ ಲಾಭ. ತೂಕವನ್ನು ಬೆಲೆಯಿಂದ ಭಾಗಿಸಿದರೆ ಒಂದು ರೂಪಾಯಿಗೆ ಸಿಗುವ ಗ್ರಾಮುಗಳು ದೊರೆಯುತ್ತವೆ. ಅದು ಹೆಚ್ಚಿದ್ದಷ್ಟೂ ಲಾಭ.

ಈ ವಿಚಾರ ನಮ್ಮ ನಾಡಿಗೆ ಹೊಸದಲ್ಲ. ರಾಷ್ಟ್ರಕೂಟ ದೊರೆ ಅಮೋಘವರ್ಷ ನೃಪತುಂಗನ ಕಾಲದ ಮಹಾವೀರಾಚಾರ್ಯನು ‘ಗಣಿತಸಾರಸಂಗ್ರಹ’ದಲ್ಲಿ ತ್ರೈರಾಶಿಕವನ್ನು ನಿರೂಪಿಸಿದ್ದಾನೆ. ಅದರಲ್ಲಿ ಮೊದಲು ಗುಣಾಕಾರ, ಅನಂತರ ಭಾಗಾಕಾರ. 7 ತೆಂಗಿನಕಾಯಿಗೆ 100 ರೂಪಾಯಿಯಾದರೆ 21 ಕಾಯಿಗೆಷ್ಟು? ಮೊದಲೇ ಭಾಗಿಸಿದರೆ ಮುಗಿಯದ ದಶಮಾಂಶ ಎದುರಾಗುತ್ತದೆ. 100ನ್ನು 21ರಿಂದ ಗುಣಿಸಿ 7ರಿಂದ ಭಾಗಿಸಿದರೆ 300 ರೂಪಾಯಿ ಎಂದು ನೇರವಾಗಿ ಉತ್ತರ ಬರುತ್ತದೆ.

ಪೊಟ್ಟಣಗಳನ್ನು ಕುರಿತ ಭಾರತ ಸರ್ಕಾರದ ನಿಯಮಗಳಿಗೆ 2021ರಲ್ಲಿ ತಿದ್ದುಪಡಿಯಾಗಿ, ಅವುಗಳ ಮೇಲೆ ಏಕಮಾನದ ಬೆಲೆಯನ್ನೂ ಮುದ್ರಿಸಬೇಕೆಂದು ವಿಧಿಸಲಾಯಿತು. ಒಂದು ಕಿಲೋಗ್ರಾಮಿಗಿಂತ ಕಡಿಮೆ ತೂಕಕ್ಕೆ ಗ್ರಾಮಿನ ಲೆಕ್ಕ, ಹೆಚ್ಚಿನದಕ್ಕೆ ಕಿಲೋಗ್ರಾಮಿನ ಲೆಕ್ಕ. ಆದುದರಿಂದ 900 ಗ್ರಾಂ ಪೊಟ್ಟಣವನ್ನು 2 ಕಿಲೋಗ್ರಾಂ ಚೀಲದೊಡನೆ ಹೋಲಿಸುವಾಗ ಎರಡನ್ನೂ ಒಂದೇ ಮಾನಕ್ಕೆ ತರುವ ಕೆಲಸ ಕೊಳ್ಳುವವನದೇ.

ಈ ಲೆಕ್ಕದಲ್ಲಿ ಬಡವನ ಬದುಕೂ ಅಡಗಿದೆ. 20 ಗ್ರಾಂ ಚಹಾಪುಡಿಗೆ 10 ರೂಪಾಯಿ, 250 ಗ್ರಾಮಿಗೆ 100 ರೂಪಾಯಿ ಇದ್ದರೆ ದರಗಳು ಗ್ರಾಮಿಗೆ 50 ಪೈಸೆ ಮತ್ತು 40 ಪೈಸೆ. ದಿನಗೂಲಿಯವನು ಚಿಕ್ಕ ಪೊಟ್ಟಣವನ್ನೇ ಕೊಂಡು ಹೆಚ್ಚಿನ ದರ ತೆರುತ್ತಾನೆ. ಅದಕ್ಕೆ ಕಾರಣ ಅಜ್ಞಾನವಲ್ಲ. ಒಮ್ಮೆಗೆ 100 ರೂಪಾಯಿ ಕೈಯಲ್ಲಿಲ್ಲದಿರುವುದು. ಐದು ಮನೆಯವರು ತಲಾ 20 ರೂಪಾಯಿ ಕೂಡಿಸಿ ದೊಡ್ಡ ಪೊಟ್ಟಣ ಕೊಂಡರೆ ಪ್ರತಿ ಮನೆಗೂ 40 ಗ್ರಾಮಿನ ಬದಲು 50 ಗ್ರಾಂ ದೊರೆಯುತ್ತದೆ.

ದರವೊಂದನ್ನೇ ನೋಡಿ ಕೊಳ್ಳುವುದೂ ಸರಿಯಲ್ಲ. ಗುಣದಲ್ಲಿ ಸಮಾನವಾದ ವಸ್ತುಗಳನ್ನು ಮಾತ್ರ ಹೋಲಿಸಬೇಕು. ಅಗ್ಗವೆಂದು ತಂದ ಹಣ್ಣು ಅರ್ಧ ಕೊಳೆತರೆ, ತಿಂದ ಹಣ್ಣಿನ ದರ ಇಮ್ಮಡಿಯಾಗುತ್ತದೆ. ಬಳಕೆಗೆ ಬಂದಷ್ಟರಿಂದ ಭಾಗಿಸಿದಾಗಲೇ ನಿಜವಾದ ಬೆಲೆ ತಿಳಿಯುತ್ತದೆ.